ಮಾಸ್ತಿಗಲ್ಲಿನವರೆಗೆ ಅರ್ಧ ಗಂಟೆ

ಹಾಳುಬಿದ್ದ ಕಲ್ಲುಗಳನ್ನು ಜನರಿಗೆ ತೋರಿಸುವುದು ನನ್ನ ಕೆಲಸವಾಗಿತ್ತು. ಈಗ ಅದೇ ಕೆಲಸಕ್ಕೆ ಹೊಸದಾಗಿ ಸೇರಿರುವ ಇಬ್ಬರು ಹೆಣ್ಣುಮಕ್ಕಳು ಆಗಾಗ ಚಾಮರಾಜನಗರದ ನಮ್ಮ ಮನೆಗೆ ಬರುತ್ತಾರೆ. "ಅಮ್ಮಾ, ಬಂದವರ ಹತ್ತಿರ ಏನು ಹೇಳಬೇಕು, ಸ್ವಲ್ಪ ಬರೆದುಕೊಡಿ" ಎನ್ನುತ್ತಾರೆ. ಏನು ಹೇಳಬೇಕು ಅನ್ನುವುದು ಬೋರ್ಡಿನ ಮೇಲೇ ಇದೆ, ಹೋಗಿ ಓದಿಕೊಳ್ಳಿ ಎಂದು ಒಂದು ಸಲ ರೇಗಿಬಿಟ್ಟೆ. ಆಮೇಲೆ ನನಗೇ ಕಸಿವಿಸಿಯಾಗಿ ಕಾಫಿ ಮಾಡಿಕೊಟ್ಟು, ಬರೆಯುತ್ತೇನೆ ಹೋಗಿ ಎಂದೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ಬಡ್ತಿ ವರ್ಗಾವಣೆಗಳ ಬಗ್ಗೆ ಬರೆಯುವಂಥದ್ದು ಏನೂ ಇಲ್ಲ. ಹುಟ್ಟಿದ್ದು ಚಂದಕವಾಡಿ, ಓದಿದ್ದು ಬಿ.ಎ., ಸೇರಿದ್ದು ಗೈಡಾಗಿ, ನಿವೃತ್ತಳಾಗಿದ್ದೂ ಗೈಡಾಗಿಯೇ. ದಿನಾ ಬೆಳಿಗ್ಗೆ ಗುಂಡ್ಲುಪೇಟೆ ಬಸ್ಸು ಹತ್ತಿ ತೆರಕಣಾಂಬಿಯಲ್ಲಿ ಇಳಿದು, ಅಲ್ಲಿಂದ ಹೊಲಗಳ ನಡುವೆ ಒಳಕ್ಕೆ ನಡೆದರೆ ನಮ್ಮ ಹಾಳುಕೋಟೆ. ಮಳೆ ಬಂದರೆ ಚಪ್ಪಲಿ ಕೈಯಲ್ಲಿ ಹಿಡಿದು ನಡೆಯಬೇಕು, ಅಂಥ ಮಣ್ಣು.

ನನಗೆ ಕೆಲಸ ಕಲಿಸಿದ್ದು ನಮ್ಮ ಮೊದಲ ಸಾಹೇಬರು. ಒಣಕಲು ಆಳು, ಸದಾ ಹ್ಯಾಟು, ಮಾತು ಕಡಿಮೆ. ಸೇರಿದ ದಿನವೇ ನನ್ನನ್ನು ಕೋಟೆಯ ಸುತ್ತ ನಡೆಸಿ ಹೇಳಿದರು: "ನೋಡಮ್ಮ ಗೌರಮ್ಮ, ಬರುವವರಿಗೆ ಬಿಸಿಲು, ಬಾಯಾರಿಕೆ, ಮುಂದೆ ಬಂಡೀಪುರಕ್ಕೆ ಹೋಗೋ ಅವಸರ. ನಿನಗೆ ಸಿಗೋದು ಅರ್ಧ ಗಂಟೆ. ಅಷ್ಟರಲ್ಲಿ ಒಂದು ಊರು ಬಾಳಿ ಹಾಳಾದದ್ದನ್ನ ತೋರಿಸಬೇಕು." ದಾರಿಯನ್ನೂ ಅವರೇ ಗೊತ್ತುಮಾಡಿಕೊಟ್ಟರು. ಮೊದಲು ಕೋಟೆ ಬಾಗಿಲು, ಆಮೇಲೆ ಕಲ್ಯಾಣಿ, ಸೂರು ಬಿದ್ದುಹೋದ ಗುಡಿ, ವೀರಗಲ್ಲುಗಳು, ಕೊನೆಗೆ ಬೇವಿನ ಮರದ ಕೆಳಗಿನ ಮಾಸ್ತಿಗಲ್ಲು. ಮಾಸ್ತಿಗಲ್ಲೇ ಯಾಕೆ ಕೊನೆಗೆ ಎಂದು ಕೇಳಿದ್ದಕ್ಕೆ, "ಅಲ್ಲಿ ನೆರಳಿದೆ, ಗೇಟು ಹತ್ತಿರ" ಎಂದರು. ಏನೋ ದೊಡ್ಡ ಕಾರಣವಿರಬೇಕು ಎಂದುಕೊಂಡಿದ್ದ ನನಗೆ ಆಗ ನಿರಾಸೆಯಾಗಿತ್ತು.

ಅವರು ಹಾಕಿಕೊಟ್ಟ ಕಟ್ಟಳೆ ಒಂದೇ: ಕಲ್ಲಿನಲ್ಲಿ ಕಾಣದ್ದನ್ನು ಕಂಡ ಹಾಗೆ ಹೇಳಬಾರದು. ಜನ ಕೇಳಿಯೇ ಕೇಳುತ್ತಾರೆ. ಸುರಂಗ ಇದೆಯಂತಲ್ಲ, ಮೈಸೂರಿಗೆ ಹೋಗುತ್ತಂತಲ್ಲ? ಗುಡಿಯೊಳಗೆ ಕೊಪ್ಪರಿಗೆ ಹೂತಿದ್ದಾರಂತಲ್ಲ? ಹೂಂ ಎಂದರೆ ಅವರಿಗೂ ಖುಷಿ, ನಮಗೂ ಒಳ್ಳೆಯ ಹೆಸರು. ಆದರೆ ಆ ಹೂಂ ಕೇಳಿಸಿಕೊಂಡು ಮಾರನೇ ವಾರ ಯಾರಾದರೂ ಹಾರೆ ಹಿಡಿದು ಬಂದರೆ ಗುಡಿಯ ಗತಿ ಏನು? ನಮ್ಮ ಕಡೆ ನಿಧಿಯ ಹುಚ್ಚು ಎಂಥದ್ದು ಅನ್ನುವುದು ನಿಮಗೂ ಗೊತ್ತು.

ಈಗ ಮಾದೇವಪ್ಪನವರ ವಿಷಯ ಹೇಳಬೇಕು. ಕೋಟೆಗೆ ಹೊಂದಿಕೊಂಡಿರುವ ಜಮೀನು ಅವರದು. ಆ ಮಾಸ್ತಿಗಲ್ಲು ಅವರ ಮನೆದೇವರು. ಮಾಸ್ತಿಗಲ್ಲು ಎಂದರೆ ಗಂಡ ಸತ್ತಾಗ ಅವನ ಜೊತೆಗೇ ಸತ್ತ ಹೆಂಗಸಿನ ನೆನಪಿಗೆ ನೆಟ್ಟ ಕಲ್ಲು. ನಮ್ಮಲ್ಲಿರುವ ಕಲ್ಲಿನಲ್ಲಿ ಒಂದು ಕಂಬ, ಕಂಬದಿಂದ ಹೊರಕ್ಕೆ ಚಾಚಿ ಮೇಲಕ್ಕೆತ್ತಿದ ಕೈ, ಮಣಿಕಟ್ಟಿನಿಂದ ಮೊಣಕೈ ಕಡೆಗೆ ಸಾಲಾಗಿ ಬಳೆಗಳು. ಕೆಳಗೆ ಸಣ್ಣದಾಗಿ ಗಂಡಹೆಂಡಿರ ಜೋಡಿ. ಬರಹ ಒಂದಕ್ಷರವೂ ಇಲ್ಲ. ಆಕೆ ತಮ್ಮ ವಂಶದ ಹೆಣ್ಣು ಎಂದು ಮಾದೇವಪ್ಪನವರ ಮನೆಯವರ ನಂಬಿಕೆ. ಪುರಾತತ್ವ ಇಲಾಖೆ ಬೇಲಿ ಹಾಕಿ ಗೇಟಿಟ್ಟ ಮೇಲೂ ಅಮಾವಾಸ್ಯೆಗೆ ಬಂದು ಅರಿಸಿನ ಕುಂಕುಮ ಇಟ್ಟು ಹೋಗುತ್ತಿದ್ದರು. ಸಾಹೇಬರು ಅದಕ್ಕೆ ಅಡ್ಡಿ ಮಾಡಲಿಲ್ಲ.

ಒಂದು ಸಲ ಬೆಂಗಳೂರಿನಿಂದ ದೊಡ್ಡ ಅಧಿಕಾರಿ ಬರುತ್ತಾರೆ ಎಂದು ಸುದ್ದಿ ಬಂತು. ಅದು ಮಾದೇವಪ್ಪನವರ ಕಿವಿಗೂ ಬಿತ್ತು. ಅವರು ಒಳ್ಳೆಯದನ್ನೇ ಯೋಚಿಸಿದರು. ದೊಡ್ಡವರು ಬರುವಾಗ ದೇವರ ಕಲ್ಲುಗಳು ಪಾಚಿ ಹಿಡಿದು ಕಪ್ಪಗೆ ನಿಂತಿದ್ದರೆ ಊರಿಗೆ ಮರ್ಯಾದೆಯೇ? ನಾನು ರಜೆಯಲ್ಲಿದ್ದ ದಿನ ನೋಡಿ ಆಳು ಕರೆಸಿ, ವೀರಗಲ್ಲುಗಳಿಗೆಲ್ಲ ಸುಣ್ಣ ಬಳಿಸಿ, ಮೇಲೆ ಕೆಮ್ಮಣ್ಣಿನ ಪಟ್ಟೆ ಎಳೆಸಿಬಿಟ್ಟರು. ಮರುದಿನ ಗೇಟು ತೆಗೆದಾಗ ಕಲ್ಲುಗಳೆಲ್ಲ ಮದುವೆ ಮನೆಯ ಗೋಡೆಯ ಹಾಗೆ ನಿಂತಿದ್ದವು. ಸಾಹೇಬರು ಹ್ಯಾಟು ತೆಗೆದು ನೆಲದ ಮೇಲೆ ಕೂತುಬಿಟ್ಟರು. ಮಾದೇವಪ್ಪನವರು ಮಾತ್ರ ಬೀಗುತ್ತಾ, "ಎಂಗದೆ ಸ್ವಾಮಿ? ಕಳೆ ಬಂದ್‌ಬುಡ್ತಲ್ಲ!" ಎಂದರು. ಬೈಯಲು ಬಾಯಿ ತೆರೆದ ಸಾಹೇಬರು ಅವರ ಮುಖ ನೋಡಿ ಹ್ಯಾಟನ್ನು ಮತ್ತೆ ತಲೆಗಿಟ್ಟುಕೊಂಡರು. ಆಮೇಲೆ ಆ ಸುಣ್ಣವನ್ನು ತೆಂಗಿನ ನಾರಿನಲ್ಲಿ ಮೆಲ್ಲಗೆ ಉಜ್ಜಿ ಉಜ್ಜಿ ತೆಗೆದವರು ನಾವು. ಬಿಳಿ ಕಲೆ ಇವತ್ತಿಗೂ ಗೆರೆಗಳ ಸಂದಿಯಲ್ಲಿ ಕಾಣುತ್ತದೆ. ಇಷ್ಟಾದರೂ ಆ ಮನುಷ್ಯನ ಮೇಲೆ ನನಗೆ ಸಿಟ್ಟು ಬರಲಿಲ್ಲ. ಆ ಕಲ್ಲುಗಳನ್ನು ತಮ್ಮ ಮನೆಯವರೆಂದೇ ಅವರು ತಿಳಿದಿದ್ದರು.

ಇನ್ನು ಕತೆ ಹೇಳುವ ರೀತಿ. ಸಾಹೇಬರು ಅಷ್ಟೆಲ್ಲ ಕಟ್ಟುನಿಟ್ಟಿನವರಾದರೂ ಮಾಸ್ತಿಗಲ್ಲಿನ ಮುಂದೆ ಮಾತ್ರ ಅವರ ದನಿ ಬದಲಾಗುತ್ತಿತ್ತು. "ಈ ತಾಯಿ ನಗುನಗುತ್ತಾ ಬೆಂಕಿಗೆ ನಡೆದಳು" ಎನ್ನುತ್ತಿದ್ದರು. ನಾನೂ ಅದನ್ನೇ ಹೇಳಿಕೊಂಡು ಬಂದೆ. ಜನ ಕೈಮುಗಿಯುತ್ತಿದ್ದರು, ಕೆಲವು ಹೆಂಗಸರು ಕಣ್ಣೊರೆಸಿಕೊಳ್ಳುತ್ತಿದ್ದರು, ಅಲ್ಲಿಗೆ ಅರ್ಧ ಗಂಟೆ ಮುಗಿಯುತ್ತಿತ್ತು. ಒಂದು ದಿನ ಗುಂಡ್ಲುಪೇಟೆಯ ಕಾಲೇಜಿನಿಂದ ಹುಡುಗಿಯರು ಬಂದಿದ್ದರು. ಅವರಲ್ಲೊಬ್ಬಳು ಎಲ್ಲರೂ ಗೇಟಿನ ಕಡೆ ತಿರುಗಿದ ಮೇಲೆ ನನ್ನ ಹತ್ತಿರ ಬಂದು ಕೇಳಿದಳು: "ಮಿಸ್, ನಗ್ತಿದ್ಲು ಅಂತ ಯಾರು ಹೇಳಿದ್ದು?" ನಾನು ಕಲ್ಲಿನ ಕಡೆ ನೋಡಿದೆ. ಜೋಡಿಯ ಮುಖಗಳು ಸವೆದು ಕಣ್ಣು ಮೂಗು ಯಾವುದೂ ಉಳಿದಿರಲಿಲ್ಲ. ನಗುವನ್ನು ಎಲ್ಲಿಂದ ತರಲಿ? "ಗೊತ್ತಿಲ್ಲಮ್ಮ" ಎಂದೆ. ಅಂದಿನಿಂದ ಆ ಮಾತನ್ನು ಬಿಟ್ಟೆ. ನಕ್ಕಳೋ, ಅತ್ತಳೋ, ಯಾರಾದರೂ ತಳ್ಳಿದರೋ ಕಲ್ಲಿನಲ್ಲಿ ಕಾಣುವುದಿಲ್ಲ ಎಂದು ಹೇಳತೊಡಗಿದೆ. ಕೆಲವರಿಗೆ ಇದು ರುಚಿಸಲಿಲ್ಲ. ಮಾದೇವಪ್ಪನವರಿಗಂತೂ ಒಂದಿಷ್ಟೂ ರುಚಿಸಲಿಲ್ಲ.

ಬರುವ ಜನವೂ ಬದಲಾದರು. ಮೊದಲು ಮೇಷ್ಟ್ರುಗಳು, ಮಕ್ಕಳು, ಬಗಲಲ್ಲಿ ಬುತ್ತಿ ಕಟ್ಟಿಕೊಂಡ ಸಂಸಾರಗಳು. ಈಗ ಕೇರಳದ ಕಡೆಯಿಂದ ಕಾರಿನಲ್ಲಿ ಬಂದು, ರಸ್ತೆಬದಿಯ ಸೂರ್ಯಕಾಂತಿ ಹೊಲದಲ್ಲಿ ಫೋಟೋ ತೆಗೆಸಿಕೊಂಡು, ಹಾಗೇ ನಮ್ಮ ಕೋಟೆಗೂ ಇಣುಕಿ ಹೋಗುವವರೇ ಹೆಚ್ಚು. ನನ್ನ ಮುರುಕು ಮಲಯಾಳಂ ಅವರಿಂದಲೇ ಬಂದದ್ದು. ವೀರಗಲ್ಲನ್ನು ಕೆಳಗಿನಿಂದ ಮೇಲಕ್ಕೆ ಓದಬೇಕು, ಕೆಳಗೆ ಯುದ್ಧ, ನಡುವೆ ಸ್ವರ್ಗಕ್ಕೆ ಪಯಣ, ಮೇಲೆ ಶಿವನ ಸನ್ನಿಧಿ ಎಂದು ಹೇಳುವಷ್ಟರಲ್ಲಿ ಯಾರಾದರೂ ಅದಕ್ಕೇ ಒರಗಿ ನಿಂತು ರೀಲ್ಸ್ ಮಾಡುತ್ತಿರುತ್ತಾರೆ. ಗೇಟಿನ ಹತ್ತಿರ ಈಗ ಮೊಬೈಲು ಹಿಡಿದರೆ ತಾನೇ ಕತೆ ಹೇಳುವ ಬೋರ್ಡು ಬಂದಿದೆ. ಇರಲಿ, ಒಳ್ಳೆಯದೇ. ಅದಕ್ಕೆ ಗಂಟಲು ಕಟ್ಟುವುದಿಲ್ಲ. ಆದರೆ ಎದುರಿಗೆ ನಿಂತಿರುವವರು ಯಾರು ಎಂದು ಅದು ನೋಡುವುದೂ ಇಲ್ಲ. ನೀವು ನೋಡಬೇಕು. ಯಾಕೆ ಎನ್ನುವುದಕ್ಕೆ ನನ್ನ ಕೆಲಸದ ಕೊನೆಯ ವರ್ಷ ನಡೆದದ್ದನ್ನು ಹೇಳುತ್ತೇನೆ.

ಮಾದೇವಪ್ಪನವರ ತಮ್ಮನ ಮಗ ಮಹೇಶ ಎಂದೊಬ್ಬನಿದ್ದ. ಗೂಡ್ಸ್ ಗಾಡಿಯಲ್ಲಿ ತರಕಾರಿ ತುಂಬಿಕೊಂಡು ಸತ್ಯಮಂಗಲಕ್ಕೆ ಓಡಾಡುತ್ತಿದ್ದ. ಅಪ್ಪ ಅವನು ಕೂಸಾಗಿದ್ದಾಗಲೇ ತೀರಿಕೊಂಡಿದ್ದರು. ತಾಯಿ ಪುಟ್ಟತಾಯಮ್ಮ ಒಬ್ಬರೇ ಸಾಕಿದ ಮಗ. ಅವನು ಪುಣಜನೂರು ದಾಟಿ ಘಾಟಿಯ ತಿರುವಿನಲ್ಲಿ ಗಾಡಿ ಉರುಳಿ ತೀರಿಕೊಂಡ. ಅವನ ಹೆಂಡತಿ ಸುಧಾ ಎಳೆಯ ವಯಸ್ಸಿನವಳು, ಒಂದು ಮಗುವಿನ ತಾಯಿ. ತೆರಕಣಾಂಬಿ ಬಸ್‌ಸ್ಟ್ಯಾಂಡಿನ ಹತ್ತಿರ ಫ್ಯಾನ್ಸಿ ಸ್ಟೋರ್ ಇಟ್ಟುಕೊಂಡಿದ್ದಳು. ಹೆಸರಿಗೆ ಫ್ಯಾನ್ಸಿ ಸ್ಟೋರ್, ನಡೆಯುತ್ತಿದ್ದದ್ದೆಲ್ಲ ಬಳೆ ವ್ಯಾಪಾರ. ಸುತ್ತಿನ ಹಳ್ಳಿಯ ಹೆಂಗಸರೆಲ್ಲ ಮದುವೆ, ಸೀಮಂತ, ಗೌರಿಹಬ್ಬಕ್ಕೆ ಅವಳ ಹತ್ತಿರವೇ ಬಳೆ ತೊಡಿಸಿಕೊಳ್ಳುತ್ತಿದ್ದರು. ಎಂಥ ಬಿಗಿ ಬಳೆಯನ್ನೂ ನೋಯಿಸದೆ ಏರಿಸುತ್ತಿದ್ದಳು. ನಾನೂ ಬಸ್ಸಿಗೆ ಕಾಯುವಾಗ ಅವಳ ಅಂಗಡಿಯ ಸ್ಟೂಲಿನಲ್ಲಿ ಕೂರುತ್ತಿದ್ದೆ.

ಆ ಮನೆಯಲ್ಲಿ ಒಂದು ರೂಢಿಯಿತ್ತು. ಗಂಡ ಸತ್ತ ಹೆಂಗಸಿನ ಬಳೆಯನ್ನು ಅವರು ಒಡೆಯುವುದಿಲ್ಲ. ತಿಥಿ ಕಳೆದು ಬರುವ ಮೊದಲ ಅಮಾವಾಸ್ಯೆಯ ದಿನ ಅವಳನ್ನು ಮಾಸ್ತಮ್ಮನ, ಅಂದರೆ ಆ ಮಾಸ್ತಿಗಲ್ಲಿನ ಮುಂದೆ ಕರೆತಂದು, ಬಳೆಗಳನ್ನು ಬಿಚ್ಚಿಸಿ ಕಲ್ಲಿನ ಬುಡದಲ್ಲಿ ಇಡಿಸುತ್ತಾರೆ. ಅಲ್ಲಿಂದ ಮುಂದೆ ಜೀವಮಾನವಿಡೀ ಬರಿಗೈ.

ಅಮಾವಾಸ್ಯೆ ಹತ್ತಿರವಾದಾಗ ಸುಧಾ ಕೋಟೆಗೆ ನನ್ನನ್ನು ಹುಡುಕಿಕೊಂಡು ಬಂದಳು. ಕಲ್ಯಾಣಿಯ ಮೆಟ್ಟಿಲ ಮೇಲೆ ಕೂತಳು. ಅಳಲಿಲ್ಲ. ಅತ್ತು ಮುಗಿಸಿಕೊಂಡು ಬಂದವಳ ಹಾಗಿದ್ದಳು.

"ಅಕ್ಕ, ಬರಿಗೈ ಮಾಡ್ಕಂಡ್ ಮೇಲೆ ನನ್ ಅಂಗ್ಡಿಗೆ ಯಾರ್ ಬತ್ತಾರೆ? ಯಾವ್ ಮುತ್ತೈದೆ ನನ್ ಕೈಲಿ ಬಳೆ ತೊಡುಸ್ಕತಾಳೆ? ಮಗಿನ ಓದುಸ್ಬೇಕು. ಅತ್ತೆ ಅವ್ರೆ. ನನ್ಗೆ ಗೊತ್ತಿರೋದು ಅದೊಂದೇಯ" ಎಂದಳು.

"ಮನೆಯವರ ಹತ್ತಿರ ಹೇಳಿದ್ಯಾ?"

"ದೊಡ್ಡಮಾವ ಕೇಳಲ್ಲ. ಅತ್ತೆ ಬಾಯೇ ಬುಡಲ್ಲ. ನೀವು ಕಲ್ಲು ಓದೋರು. ನಿಮ್ ಮಾತ್ ಕೇಳ್ತಾರೆ. ಬಳೆ ಬಿಚ್ಬಾರ್ದು ಅಂತ ಈ ಕಲ್ಲಲ್ಲೇ ಬರ್ದದೆ ಅಂತ ಒಂದ್ ಮಾತ್ ಯೋಳ್ಬುಡಿ ಅಕ್ಕ."

ಒಂದೇ ಒಂದು ಸುಳ್ಳು. ಯಾರು ಬಂದು ಪರೀಕ್ಷೆ ಮಾಡುತ್ತಾರೆ? ಆದರೆ ಸುರಂಗವಿಲ್ಲ, ಕೊಪ್ಪರಿಗೆಯಿಲ್ಲ, ನಗುವೂ ಗೊತ್ತಿಲ್ಲ ಎಂದು ಅಷ್ಟು ವರ್ಷ ಹೇಳಿಕೊಂಡು ಬಂದ ಬಾಯಿ ಇದು. ಅದೂ ಅಲ್ಲದೆ ಆ ಕಲ್ಲಿನಲ್ಲಿ ಅಕ್ಷರವಿಲ್ಲ ಅನ್ನುವುದು ಹುಟ್ಟಿದಾಗಿನಿಂದ ಅದಕ್ಕೆ ಕೈಮುಗಿದ ಮಾದೇವಪ್ಪನವರಿಗೆ ಗೊತ್ತಿಲ್ಲವೇ? "ಇಲ್ಲದ್ದನ್ನ ಇದೆ ಅನ್ನೋಕೆ ನನ್ನಿಂದ ಆಗಲ್ಲ ಕಣಮ್ಮ" ಎಂದೆ. ಅವಳು ಸೆರಗು ಸರಿಮಾಡಿಕೊಂಡು ಎದ್ದುಹೋದಳು. ಆ ಸಂಜೆ ಬಸ್ಸಿಗೆ ಕಾಯುವಾಗ ಅವಳ ಅಂಗಡಿಯ ಕಡೆ ತಲೆಯೆತ್ತಲು ನನಗೆ ಧೈರ್ಯ ಬರಲಿಲ್ಲ.

ಅಮಾವಾಸ್ಯೆಯ ಬೆಳಿಗ್ಗೆ ನೆಂಟರಿಷ್ಟರೊಂದಿಗೆ ಅವರೆಲ್ಲ ಬಂದರು. ಮುಂದೆ ಮಾದೇವಪ್ಪನವರು, ಹಿಂದೆ ಗಂಡಸರು, ಕೊನೆಯಲ್ಲಿ ಪುಟ್ಟತಾಯಮ್ಮ ಸೊಸೆಯ ತೋಳು ಹಿಡಿದುಕೊಂಡು. ಸುಧಾಳ ಎರಡೂ ಕೈಗಳಲ್ಲಿ ಹಸಿರು ಗಾಜಿನ ಬಳೆ ತುಂಬಿದ್ದವು. ಬಿಚ್ಚುವ ದಿನ ಕೈತುಂಬ ತೊಡಿಸಿ ಕರೆತರುವುದೂ ಅದೇ ರೂಢಿ.

ಮಾದೇವಪ್ಪನವರು ನನ್ನ ಹತ್ತಿರ ಬಂದು ಮೆತ್ತಗೆ ಹೇಳಿದರು: "ಗೌರಮ್ಮೋರೆ, ಪರಸ್ಥಳದೋರ್ಗೆಲ್ಲ ತೋರುಸ್ತೀರಿ. ಇವತ್ತು ನಮ್ಮೋರ್ಗೂ ಒಸಿ ತೋರ್ಸಿ. ಮಾಸ್ತಮ್ಮನ ಮಹಿಮೆ ಯೋಳಿ. ನಿಮ್ ಬಾಯಲ್ಲಿ ಕೇಳುದ್ರೆ ಸುಧಾ ಮಗೀಗೆ ಮನ್ಸು ಗಟ್ಟಿ ಆಯ್ತದೆ."

ಅವರ ಕಣ್ಣೂ ಕೆಂಪಗಿತ್ತು. ಮಹೇಶನನ್ನು ಎತ್ತಿ ಆಡಿಸಿದವರು ಅವರು. ಕೆಡುಕು ಅವರ ಮನಸ್ಸಿನಲ್ಲಿ ಇರಲಿಲ್ಲ, ಅದೇ ನನಗೆ ಕಷ್ಟವಾಗಿದ್ದು. ಕೆಟ್ಟವರಾಗಿದ್ದರೆ ಜಗಳವಾಡಬಹುದಿತ್ತು.

ಸರಿ, ಬನ್ನಿ ಎಂದೆ. ನನ್ನ ಜೀವನದಲ್ಲಿ ಅಷ್ಟು ಮೆಲ್ಲಗೆ ಆ ದಾರಿ ನಡೆದದ್ದಿಲ್ಲ. ಕೋಟೆ ಬಾಗಿಲಿನಲ್ಲಿ ಅಗುಳಿ ಕೂರುತ್ತಿದ್ದ ಕುಳಿ ತೋರಿಸಿದೆ. ಕಲ್ಯಾಣಿಯಲ್ಲಿ ನೀರಿನ ಗುರುತು, ಗುಡಿಯಲ್ಲಿ ದೀಪದ ಮಸಿ. ನನ್ನ ಮಾತು ನನಗೇ ಕೇಳಿಸುತ್ತಿರಲಿಲ್ಲ. ಹಿಂದಿನಿಂದ ಆ ಬಳೆಗಳ ಸದ್ದು ಮಾತ್ರ ಬರುತ್ತಿತ್ತು. ಕೊನೆಯ ಕಲ್ಲಿನ ಮುಂದೆ ಏನು ಹೇಳಬೇಕು ಅನ್ನುವುದು ವೀರಗಲ್ಲು ದಾಟುವವರೆಗೂ ನನಗೆ ಗೊತ್ತಿರಲಿಲ್ಲ.

ಬೇವಿನ ಮರದ ಕೆಳಗೆ ನಿಂತೆವು. ಅರಿಸಿನ ಕುಂಕುಮ ಬಳಿದು, ಹೂ ಮುಡಿಸಿದ್ದರು. ಸಾವಿರ ಸಲ ನೋಡಿದ ಕಲ್ಲು. ಆದರೂ ಹೊಸದಾಗಿ ಬಂದವಳ ಹಾಗೆ ಬುಡದಿಂದ ಮೇಲಿನವರೆಗೆ ನೋಡಿದೆ. ಕಂಡದ್ದನ್ನು ಕಂಡಷ್ಟೇ ಹೇಳಿದೆ.

"ಇಲ್ಲಿ ಬರಹ ಇಲ್ಲ. ಈಕೆ ಹೆಸರು ಗೊತ್ತಿಲ್ಲ. ಸಂತೋಷದಿಂದ ಹೋದಳಾ, ಬೇರೆಯವರು ಕಳಿಸಿದರಾ, ಅದೂ ಗೊತ್ತಿಲ್ಲ. ಕಾಣೋದು ಒಂದು ಕೈ. ಗಂಡ ಮೊದಲು ಸತ್ತಿದ್ದಾನೆ, ಆಮೇಲೆ ಈಕೆ. ಅಂದರೆ ಗಂಡ ಸತ್ತ ಹೆಂಗಸಿನ ಕೈ ಇದು. ಆ ಕೈತುಂಬ ಬಳೆ ಇದೆ. ಯಾರೂ ಬಿಚ್ಚಿಸಿಲ್ಲ."

ಗಂಡಸರಲ್ಲಿ ಒಬ್ಬರು ಕೆಮ್ಮಿದರು. ಮಾದೇವಪ್ಪನವರ ಮುಖ ಬಿಗಿಯಿತು.

"ಗೌರಮ್ಮೋರೆ, ಆಯಮ್ಮ ಗಂಡನ್ ಜೊತೇಲೇ ಒಂಟೋದ್ಲು. ಅದುಕ್ಕೆ ಬಳೆ ಉಳೀತು. ಓಗ್ದೆ ಉಳ್ಕಂಡೋರು ಬಿಚ್ಬೇಕು. ಅದು ನಮ್ ಮನೆ ನಡಾವಳಿ."

ನನಗೆ ರೇಗಿತು. ನನ್ನ ಕೋಪ ಹೇಗೆ ಎಂದು ನಿಮಗೆ ಗೊತ್ತು. ಗೈಡು ಜಗಳವಾಡಬಾರದು ಎಂದು ನಿಮಗೆ ಹೇಳುವವಳೂ ನಾನೇ. ಆದರೂ ಬಾಯಿಗೆ ಬಂದದ್ದು ಬಂದೇಬಿಟ್ಟಿತು.

"ಅಂದರೆ ಮಾದೇವಪ್ಪೋರೆ, ಬೆಂಕಿಗೆ ಬಿದ್ದವಳಿಗೆ ಬಳೆ, ಬದುಕಿ ಮಗು ಸಾಕುವವಳಿಗೆ ದಂಡ. ಇದೇ ತಾನೇ ನೀವು ಹೇಳ್ತಿರೋದು?"

ಅವರು ತಲೆ ತಗ್ಗಿಸಿ, ಸುಧಾಳ ಕಡೆ ಕೈಸನ್ನೆ ಮಾಡಿ, "ಬಾ ಮಗ, ಒತ್ತಾಯ್ತದೆ" ಎಂದರು. ಸುಧಾ ಮುಂದೆ ಬಂದು ಕಲ್ಲಿನ ಮುಂದೆ ಮಂಡಿಯೂರಿದಳು. ಎಡಗೈಯ ಬಳೆಗಳಿಗೆ ಬಲಗೈ ಹಾಕಿದಳು. ನಾನು ಸೋತೆ ಎಂದುಕೊಂಡೆ. ಅಲ್ಲಿ ನಿಲ್ಲಲಾರದೆ ಗೇಟಿನ ಕಡೆ ಮುಖ ತಿರುಗಿಸಿಕೊಂಡೆ.

ಆಗ ಪುಟ್ಟತಾಯಮ್ಮನ ದನಿ ಕೇಳಿತು. ಆಕೆ ಭಾವನ ಎದುರಿಗೆ ಬಾಯಿ ತೆರೆದದ್ದನ್ನು ನಾನು ಅದುವರೆಗೆ ಕಂಡಿರಲಿಲ್ಲ.

"ತಡಿ ಕಣಮ್ಮಿ."

ತಿರುಗಿ ನೋಡಿದೆ. ಆಕೆ ಸೊಸೆಯ ಪಕ್ಕದಲ್ಲಿ ನೆಲಕ್ಕೆ ಕೂತಿದ್ದರು.

"ಬಾವ, ಮಹೇಸನ್ನ ಕಂಕುಳಲ್ಲಿ ಇಟ್ಕಂಡು ನಾನೂ ಇಲ್ಲೇ ಕುಂತಿದ್ದೆ. ನೀವೇ ನಿಂತಿದ್ರಿ, ಅಲ್ಲೇ, ಆ ಬೇರಿನ್ ಮೇಲೆ. ಆ ಮಗ ಬಳೆ ಎಳ್ದು ಎಳ್ದು ಆಡ್ತಿದ್ದ. ನಾನು ಒಂದೊಂದೇ ಬಿಚ್ಚಿ ಮಡಗ್ದೆ. ಬದುಕಿದ್ದುಕ್ಕೆ ದಂಡ ಅಂತ ಈಯಮ್ಮ ಅಂದ್ರಲ್ಲ, ಅದು ದಿಟ ಬಾವ. ದಿನಾ ಕಟ್ಟೀವ್ನಿ. ಒಂದ್ ಮದ್ವೆ ಚಪ್ಪರದ್ ಒಳಕ್ಕೆ ಓಗ್ನಿಲ್ಲ. ನನ್ ಮಗನ್ ಮದ್ವೇಲಿ ಕಂಬದ್ ಮರೇಲಿ ನಿಂತಿದ್ದೆ. ಸೊಸೆ ಬಳೆ ಅಂಗ್ಡಿ ಮಡಗವ್ಳೆ, ಒಂದಿನ ಒಳಕ್ ಕಾಲಿಟ್ಟಿಲ್ಲ ನಾನು. ಸಾಕು. ಈ ಮನೆ ಪಾಲಿನ್ ದಂಡನೆಲ್ಲ ನಾನೇ ಕಟ್ಟಾಗದೆ."

ಮಾದೇವಪ್ಪನವರು, "ತಾಯಿ..." ಎಂದರು. ತಮ್ಮನ ಹೆಂಡತಿಯನ್ನು ಅವರು ಹಾಗೆಯೇ ಕರೆಯುತ್ತಿದ್ದದ್ದು. ಟವೆಲಿನಲ್ಲಿ ಮುಖ ಒತ್ತಿಕೊಂಡು ಮರಕ್ಕೆ ಒರಗಿ ನಿಂತುಬಿಟ್ಟರು. ಉಳಿದವರು ಕಲ್ಲನ್ನೂ ನೋಡಲಾರದೆ ಅವರನ್ನೂ ನೋಡಲಾರದೆ ನೆಲ ನೋಡುತ್ತಿದ್ದರು.

ಪುಟ್ಟತಾಯಮ್ಮ ಸೊಸೆಯ ಬಲಗೈಯನ್ನು ಬಳೆಗಳ ಮೇಲಿನಿಂದ ತೆಗೆದರು. ಆಮೇಲೆ, ಕಪ್ಪಗೆ ಬತ್ತಿದ ತಮ್ಮ ಬರಿಗೈಯನ್ನು ಅವಳ ಮಡಿಲಿನಲ್ಲಿ ಇಟ್ಟರು.

"ನಿನ್ ಅಂಗ್ಡೀಲಿ ನನ್ ಅಳ್ತೆ ಇದ್ದದಾ, ನೋಡು."

ಸುಧಾ ಒಂದು ಕ್ಷಣ ಅತ್ತೆಯ ಮುಖ ನೋಡಿದಳು. ಕೈಗೆ ಕೆಲಸ ಗೊತ್ತಿತ್ತು. ಅತ್ತೆಯ ಐದೂ ಬೆರಳು ಕೂಡಿಸಿ, ಹೆಬ್ಬೆರಳಿನ ಗೆಣ್ಣನ್ನು ಒಳಕ್ಕೆ ಮಡಚಿ, ಮೆಲ್ಲಗೆ ಒತ್ತಿ ಅಳತೆ ನೋಡಿದಳು.